ಓದುಗರ ಪ್ರಶ್ನೆ: ಹೊಲದ ಲೆಕ್ಕವೂ ಕ್ಯಾಮೆರಾಕ್ಕೆ ಬರಲಿ

ರೈತರ ಬದುಕನ್ನೂ ನಮ್ಮ ಭಾಗದ ಆಹಾರವನ್ನೂ ಕುರಿತು ಸಾಕ್ಷ್ಯಚಿತ್ರ ಮಾಡಬೇಕೆನ್ನುವವರ ಪತ್ರಗಳು ಧಾರವಾಡ, ಗದಗ, ಹಾವೇರಿ ಜಿಲ್ಲೆಗಳಿಂದ ಬಂದಿವೆ. ಒಂದೇ ಬಗೆಯ ಪ್ರಶ್ನೆಗಳನ್ನು ಕೂಡಿಸಿ, ಬರೆದವರ ಹೆಸರನ್ನು ಬಿಟ್ಟು ಊರನ್ನಷ್ಟೇ ಉಳಿಸಿಕೊಂಡು ಉತ್ತರಿಸಿದ್ದೇನೆ.

ನಾವು ನಾಲ್ವರು ಪತ್ರಿಕೋದ್ಯಮದ ವಿದ್ಯಾರ್ಥಿಗಳು. ಸಾವೆ, ನವಣೆ ಬೆಳೆಯುವ ರೈತರ ಬಗ್ಗೆ ಅರ್ಧ ಗಂಟೆಯ ಸಾಕ್ಷ್ಯಚಿತ್ರ ಮಾಡುವ ಆಸೆಯಿದೆ. ಮೇ ತಿಂಗಳ ರಜೆಯಲ್ಲಿ ಚಿತ್ರೀಕರಣ ಮುಗಿಸಬಹುದೇ? — ಕುಂದಗೋಳ

ಮುಗಿಸಲಾಗದು. ಮೇ ತಿಂಗಳಲ್ಲಿ ಎರೆ (ಕಪ್ಪು ಮಣ್ಣಿನ) ಹೊಲದಲ್ಲಿ ನಿಮಗೆ ಸಿಗುವುದು ಬಿರುಕು ಬಿಟ್ಟ ನೆಲ, ಹರಗಿದ ಹೆಂಟೆ ಮತ್ತು ಮುಗಿಲು ನೋಡುತ್ತ ಕುಳಿತ ಹಿರಿಯರ ಮುಖ. ಈ ಮೂರಕ್ಕೆ ಕೊಳಲಿನ ಸಂಗೀತ ಜೋಡಿಸಿ ಮಾಡಿದ ಚಿತ್ರಗಳು ಈಗಾಗಲೇ ಬೇಕಾದಷ್ಟಿವೆ, ಅವುಗಳಿಂದ ಸಾವೆಯ ಬಗ್ಗೆ ಯಾರಿಗೂ ಏನೂ ತಿಳಿದಂತಿಲ್ಲ. ಸಾವೆ, ನವಣೆಗಳು ಸುಮಾರು ಮೂರು ತಿಂಗಳ ಮಳೆಯಾಶ್ರಿತ ಬೆಳೆಗಳು. ‘ರೋಹಿಣಿ ಮಳೆಗೆ ಓಣಿಯೆಲ್ಲ ಜೋಳ’ ಎನ್ನುವ ನಮ್ಮ ರೈತರು ಬಿತ್ತನೆಯ ಮಾತನ್ನು ಮಳೆ ನಕ್ಷತ್ರಗಳ ಲೆಕ್ಕದಲ್ಲೇ ಆಡುತ್ತಾರೆ; ನಿಮ್ಮ ಚಿತ್ರೀಕರಣದ ವೇಳಾಪಟ್ಟಿಯನ್ನೂ ರೋಹಿಣಿ, ಮಿರಗ (ಮೃಗಶಿರಾ), ಆರಿದ್ರಾ ಎಂದೇ ಬರೆದುಕೊಳ್ಳಿ. ಮಳೆ ಹಿಂದುಮುಂದಾದರೆ ನಿಮ್ಮ ಪಟ್ಟಿಯೂ ಹಿಂದುಮುಂದಾಗುತ್ತದೆ, ಆ ತಡವೂ ಚಿತ್ರದ ಭಾಗವೇ.

ಹಾಗೆಂದು ಮೇ ತಿಂಗಳು ವ್ಯರ್ಥವಲ್ಲ. ಕ್ಯಾಮೆರಾವನ್ನು ಚೀಲದಲ್ಲೇ ಇಟ್ಟು ಎರಡು ಮೂರು ಮನೆಗಳಿಗೆ ಹೋಗಿ ಕುಳಿತುಕೊಳ್ಳಿ. ಒಟ್ಟು ಎಷ್ಟು ಎಕರೆ, ಅದರಲ್ಲಿ ಸಾವೆಗೆ ಎಷ್ಟು, ಹೊಲ ಸ್ವಂತದ್ದೋ ಲಾವಣಿಯದೋ (ಗೇಣಿಗೆ ಪಡೆದದ್ದೋ), ಬೀಜವನ್ನು ಬೂದಿ ಬೆರೆಸಿ ಇಟ್ಟಿದ್ದಾರೋ ಬೇವಿನ ಸೊಪ್ಪು ಹಾಕಿ ಇಟ್ಟಿದ್ದಾರೋ, ಆ ಬೀಜ ಯಾರ ಮನೆಯಿಂದ ಬಂದದ್ದು ಎಂಬುದನ್ನೆಲ್ಲ ಬರೆದುಕೊಳ್ಳಿ. ಬೀಜದ ಮಾತು ಬಂದಾಗ ಮನೆಯ ಗಂಡಸು ಹೆಂಡತಿಯ ಕಡೆಗೋ ತಾಯಿಯ ಕಡೆಗೋ ತಿರುಗಿ ನೋಡುತ್ತಾನೆ. ನಿಮ್ಮ ಚಿತ್ರದ ಮುಖ್ಯ ವ್ಯಕ್ತಿ ಯಾರೆಂಬುದು ಅಲ್ಲಿಯೇ ತಿಳಿಯುತ್ತದೆ. ಇದೇ ತಿಂಗಳಲ್ಲಿ ರಾಣೆಬೆನ್ನೂರು ತಾಲ್ಲೂಕಿನ ಹನುಮನಮಟ್ಟಿಯ ಕೃಷಿ ಸಂಶೋಧನಾ ಕೇಂದ್ರಕ್ಕೂ ಧಾರವಾಡದ ಕೃಷಿ ವಿಶ್ವವಿದ್ಯಾಲಯಕ್ಕೂ ಹೋಗಿಬನ್ನಿ. ವಿಶ್ವವಿದ್ಯಾಲಯ ಬಿಡುಗಡೆ ಮಾಡಿದ ಡಿಎಚ್‌ಎಫ್‌ಟಿ-109-3 ನವಣೆ, ಡಿಎಚ್‌ಎಲ್‌ಎಂ-36-3 ಸಾವೆ ತಳಿಗಳಿಗೂ ಮನೆಯಲ್ಲಿ ಉಳಿಸಿಕೊಂಡು ಬಂದ ಬೀಜಕ್ಕೂ ಇರುವ ವ್ಯತ್ಯಾಸವನ್ನು ವಿಜ್ಞಾನಿಗಳಿಂದಲೂ ರೈತರಿಂದಲೂ ಕೇಳಿ ತಿಳಿಯದೆ, ‘ದೇಸಿ’ ಎಂಬ ಮಾತನ್ನು ನಿರೂಪಣೆಯಲ್ಲಿ ಬಳಸಬೇಡಿ.

ಬಿತ್ತನೆಯ ದಿನ ನೀವು ಅಲ್ಲಿರಲೇಬೇಕು. ಎತ್ತು ಎಳೆಯುವ ಬಿತ್ತನೆಯ ಸಾಧನವಾದ ಕೂರಿಗೆಯ ಹಿಂದೆ ಉಡಿಯಲ್ಲಿ ಬೀಜ ಕಟ್ಟಿಕೊಂಡು ನಡೆಯುವ ಹೆಂಗಸಿನ ಮುಷ್ಟಿಯನ್ನು ಹತ್ತಿರದಿಂದ ಚಿತ್ರಿಸಿ. ಹೆಬ್ಬೆರಳು ಸ್ವಲ್ಪವೇ ಸರಿದು ಸಾಸಿವೆಯಂಥ ಸಣ್ಣ ಕಾಳು ಕೂರಿಗೆಯ ಬಟ್ಟಲಿಗೆ ಬೀಳುವ ಪ್ರಮಾಣ, ಎತ್ತಿನ ಹೆಜ್ಜೆಯ ವೇಗಕ್ಕೆ ತಕ್ಕಂತೆ ಅದು ಬದಲಾಗುವ ರೀತಿ, ಬಿದಿರಿನ ಕೊಳವೆಯಲ್ಲಿ ಕಾಳು ಇಳಿಯುವ ಸದ್ದು, ಇವು ಸಂದರ್ಶನದಲ್ಲಿ ಸಿಗುವಂಥವಲ್ಲ. ಟ್ರ್ಯಾಕ್ಟರಿನಲ್ಲಿ ಬಿತ್ತುವವರಿದ್ದರೆ ಅದನ್ನೂ ಮುಚ್ಚಿಡದೆ ತೋರಿಸಿ; ಎತ್ತು ಸಾಕುವ ಖರ್ಚು ಯಾರಿಗೂ ಕಡಿಮೆಯೇನಿಲ್ಲ.

ಹೆಚ್ಚಿನವರು ಎಡವುವುದು ಕೊಯ್ಲಿನಲ್ಲಿ. ತೆನೆ ಕೊಯ್ದು ರಾಶಿಪೂಜೆ ಮಾಡಿದ ಕೂಡಲೇ ಚಿತ್ರ ಮುಗಿಯಿತೆಂದು ತಿಳಿಯುತ್ತಾರೆ. ಸಾವೆಯ ನಿಜವಾದ ಕಷ್ಟ ರಾಶಿಯಾದ ಮೇಲೆ ಶುರುವಾಗುತ್ತದೆ. ಜೋಳದಂತೆ ಅದನ್ನು ನೇರವಾಗಿ ಗಿರಣಿಗೆ ಒಯ್ದು ಹಿಟ್ಟು ಮಾಡಿಸುವಂತಿಲ್ಲ, ಕಾಳಿನ ಮೇಲೆ ಗಟ್ಟಿ ಸಿಪ್ಪೆಯಿದೆ. ಹಿಂದೆ ಬೀಸುಕಲ್ಲಿನಲ್ಲಿ ಹಗುರವಾಗಿ ಬೀಸಿ, ಒರಳಿನಲ್ಲಿ ಕುಟ್ಟಿ, ಮೊರದಲ್ಲಿ ಕೇರಿ ಸಾವೆ ಅಕ್ಕಿ ಮಾಡುತ್ತಿದ್ದರು. ಆ ದುಡಿಮೆಯೆಲ್ಲ ಹೆಂಗಸರದಾಗಿತ್ತು, ಅದಕ್ಕೆ ಕೂಲಿಯೂ ಇರಲಿಲ್ಲ. ಪಡಿತರದ ಅಕ್ಕಿ ಅಗ್ಗವಾಗಿ ಮನೆಗೆ ಬರತೊಡಗಿದ ಮೇಲೆ ಆ ಕುಟ್ಟುವ ಕೆಲಸವನ್ನು ಬಿಟ್ಟವರನ್ನು ದೂಷಿಸುವ ಹಕ್ಕು ನಮಗಿಲ್ಲ. ಈಗ ಸಿಪ್ಪೆ ತೆಗೆಯುವ ಯಂತ್ರ ಹತ್ತಿರದಲ್ಲಿದ್ದರೆ ಮನೆಯಲ್ಲಿ ಸಾವೆ ಅನ್ನ, ಇಲ್ಲದಿದ್ದರೆ ಇಡೀ ರಾಶಿ ವ್ಯಾಪಾರಿಗೆ. ಆದ್ದರಿಂದ ಯಂತ್ರ ಯಾವ ಊರಲ್ಲಿದೆ, ಅಲ್ಲಿಗೆ ಒಯ್ಯುವ ಬಾಡಿಗೆ ಎಷ್ಟು, ಒಂದು ಕ್ವಿಂಟಲಿಗೆ ಕೈಗೆ ಸಿಗುವ ಅಕ್ಕಿ ಎಷ್ಟು ಎಂಬುದನ್ನು ಅದೇ ರೈತರ ಬಾಯಿಂದ, ಅವರದೇ ಚೀಲದ ಮೇಲೆ ಕೈಯಿಟ್ಟು ಹೇಳಿಸಿ.

ಇನ್ನು ಬೆಲೆಯ ಮಾತು. 2018ನ್ನು ಭಾರತ ಸರ್ಕಾರವು ರಾಷ್ಟ್ರೀಯ ಸಿರಿಧಾನ್ಯ ವರ್ಷವೆಂದೂ 2023ನ್ನು ವಿಶ್ವಸಂಸ್ಥೆಯು ಅಂತರರಾಷ್ಟ್ರೀಯ ಸಿರಿಧಾನ್ಯ ವರ್ಷವೆಂದೂ ಆಚರಿಸಿದವು. ರಾಜ್ಯ ಸರ್ಕಾರದ ‘ರೈತ ಸಿರಿ’ ಯೋಜನೆಯಲ್ಲಿ ಹೆಕ್ಟೇರಿಗೆ 10,000 ರೂಪಾಯಿಯ ಪ್ರೋತ್ಸಾಹಧನವೂ ಬಂತು. ಆದರೆ ಕೇಂದ್ರ ಸರ್ಕಾರ ಘೋಷಿಸುವ ಬೆಂಬಲ ಬೆಲೆಯ ಪಟ್ಟಿಯಲ್ಲಿ ಜೋಳ, ಸಜ್ಜೆ, ರಾಗಿ ಇವೆಯೇ ಹೊರತು ಸಾವೆ, ನವಣೆ ಇಲ್ಲ. ರೈತರಿಗೆ ಸಿಕ್ಕ ದರವನ್ನೂ ಹುಬ್ಬಳ್ಳಿಯ ಅಂಗಡಿಯಲ್ಲಿ ಚೆಂದದ ಪೊಟ್ಟಣದ ಮೇಲೆ ಮುದ್ರಿಸಿದ ದರವನ್ನೂ ಒಂದೇ ವಾರದಲ್ಲಿ ಚಿತ್ರೀಕರಿಸಿ ಅಕ್ಕಪಕ್ಕದಲ್ಲಿಡಿ. ನಿರೂಪಣೆ ಬೇಡ, ನೋಡುವವರು ತಾವೇ ಕಳೆಯುವ ಲೆಕ್ಕ ಮಾಡಿಕೊಳ್ಳುತ್ತಾರೆ.

ಇನ್ನೊಂದು ಕೆಲಸ ಬಾಕಿಯಿದೆ. ಬದುವಿನಾಚೆಯ ಹೊಲದಲ್ಲಿ ಹತ್ತಿಯನ್ನೋ ಗೋವಿನಜೋಳವನ್ನೋ ಹಾಕಿದ ರೈತರ ಮಾತನ್ನೂ ಕೇಳಿ. ಅವರು ಸಾವೆಯನ್ನು ಏಕೆ ಬಿಟ್ಟರೆಂಬುದಕ್ಕೆ ಚಿತ್ರದಲ್ಲಿ ಜಾಗವಿಲ್ಲದಿದ್ದರೆ, ಸಾವೆ ಬೆಳೆಯುವವರ ಧೈರ್ಯವೂ ನೋಡುಗರಿಗೆ ಅರ್ಥವಾಗದು.

ನಮ್ಮದು ಮೆಣಸಿನಕಾಯಿ ಬೆಳೆಯುವ ಮನೆತನ. ಬ್ಯಾಡಗಿ ಮೆಣಸಿನಕಾಯಿಯ ಬಗ್ಗೆ ಬಂದ ವಿಡಿಯೊಗಳಲ್ಲೆಲ್ಲ ಕಣದಲ್ಲಿ ಹರಡಿದ ಕೆಂಪು ಹಾಸೇ ಕಾಣುತ್ತದೆ. ನಾನು ಬೇರೆ ರೀತಿ ಮಾಡಬೇಕೆಂದಿದ್ದೇನೆ. ಹೇಗೆ? — ಹಾವೇರಿ ಜಿಲ್ಲೆಯ ಓದುಗ

ಕೆಂಪು ಹಾಸನ್ನು ಬಿಡಬೇಡಿ, ಆದರೆ ಎಂಟು ಸೆಕೆಂಡು ಸಾಕು. ಆ ಕೆಂಪು ಎಲ್ಲಿಗೆ ಹೋಗುತ್ತದೆ ಎಂದು ಕೇಳುವುದರಿಂದ ನಿಮ್ಮ ಚಿತ್ರ ಶುರುವಾಗಲಿ. 2011ರಲ್ಲಿ ಭೌಗೋಳಿಕ ಸೂಚಿಕೆ (ಜಿಐ ಗುರುತು) ಪಡೆದ ಈ ಕಾಯಿಗೆ ಖಾರ ಕಡಿಮೆ, ಬಣ್ಣ ಗಾಢ. ಉದ್ದನೆಯ, ತೆಳ್ಳಗಿನ, ಸುಕ್ಕು ಸುಕ್ಕಾದ ‘ಕಡ್ಡಿ’, ಗಿಡ್ಡಗೆ ದುಂಡಗಿರುವ ‘ಡಬ್ಬಿ’ ಎರಡಕ್ಕೂ ಬೆಲೆ ಬರುವುದು ಮುಖ್ಯವಾಗಿ ಬಣ್ಣದಿಂದ. ಒಂದಷ್ಟು ಕಾಯಿ ನಮ್ಮ ಮನೆಗಳ ಮಸಾಲೆ ಖಾರಕ್ಕೆ ಹೋದರೆ, ದೊಡ್ಡ ಪಾಲು ಓಲಿಯೊರೆಸಿನ್ (ಕಾಯಿಯ ಬಣ್ಣ, ಖಾರದ ಗಟ್ಟಿ ಸಾರ) ತೆಗೆಯುವ ಕಾರ್ಖಾನೆಗಳಿಗೆ ಹೋಗಿ ಆಹಾರದ ಬಣ್ಣವಾಗಿ, ತುಟಿಬಣ್ಣವಾಗಿ ಹೊರಬರುತ್ತದೆ. ಪ್ರಾದೇಶಿಕ ಆಹಾರದ ಚಿತ್ರ ಮಾಡುವವರು ಅಡುಗೆಮನೆಯಲ್ಲಿಯೇ ನಿಂತುಬಿಟ್ಟರೆ ಈ ಕಥೆಯ ಅರ್ಧ ಭಾಗ ಸಿಗುವುದಿಲ್ಲ.

ನಿಮ್ಮದೇ ಹೊಲದ ಒಂದು ಚೀಲದ ಬೆನ್ನು ಹತ್ತಿ. ಬಿಡಿಸುವ ಕೂಲಿ, ಒಣಗಿಸುವ ದಿನಗಳು, ಟೆಂಪೊ ಬಾಡಿಗೆ, ಮಾರುಕಟ್ಟೆಯಲ್ಲಿ ಹಮಾಲಿ, ಲಾಟಿನ ಸಂಖ್ಯೆ ಬರೆದ ಚೀಟಿ, ಖರೀದಿದಾರ ಚೀಲದೊಳಗೆ ಕೈ ಇಳಿಸಿ ಅಡಿಯ ಕಾಯಿಯನ್ನು ಮೇಲೆತ್ತಿ ಮುರಿದು ತೇವ ನೋಡುವ ಆ ಕ್ಷಣ, ಆಮೇಲೆ ಟೆಂಡರಿನ ದರ. ಹೊಲದಲ್ಲಿ ತಿಂಗಳುಗಟ್ಟಲೆ ನಡೆದ ಕೆಲಸದ ಬೆಲೆ ತೀರ್ಮಾನವಾಗುವುದು ಆ ಮುರಿಯುವ ಬೆರಳುಗಳಲ್ಲಿ. ಕ್ಯಾಮೆರಾವನ್ನು ಅಲ್ಲಿ ಅಲುಗಾಡಿಸದೆ ಹಿಡಿಯಿರಿ. ತೊಟ್ಟು ಬಿಡಿಸುವ, ಕಾಯಿ ಆರಿಸುವ ಹೆಂಗಸರ ಸಾಲುಗಳನ್ನೂ ಶೈತ್ಯಾಗಾರಗಳನ್ನೂ ಮರೆಯಬೇಡಿ. ಅದೇ ಅಂಗಳದಲ್ಲಿ ಗುಂಟೂರು ಕಾಯಿಯ ಚೀಲಗಳೂ ಬಿದ್ದಿರುತ್ತವೆ. ಯಾವುದು ಯಾವುದರೊಡನೆ ಬೆರೆಯುತ್ತದೆ, ಹಾಗಾದಾಗ ಭೌಗೋಳಿಕ ಸೂಚಿಕೆಯಿಂದ ಮಳೆಯಾಶ್ರಿತ ಕಡ್ಡಿ ಬೆಳೆದವರಿಗೆ ಸಿಕ್ಕ ಲಾಭವೇನು ಎಂಬ ಪ್ರಶ್ನೆಯನ್ನು ವ್ಯಾಪಾರಸ್ಥರಿಗೂ ಕೇಳಬೇಕು.

2024ರ ಮಾರ್ಚ್ 11ರಂದು ದರ ಕುಸಿದದ್ದಕ್ಕೆ ಸಿಟ್ಟಿಗೆದ್ದ ರೈತರು ಬ್ಯಾಡಗಿಯ ಎಪಿಎಂಸಿ ಕಚೇರಿಯ ಮೇಲೆ ದಾಳಿ ಮಾಡಿ ವಾಹನಗಳಿಗೆ ಬೆಂಕಿ ಹಚ್ಚಿದ್ದು ನಿಮಗೂ ನೆನಪಿರುತ್ತದೆ. ಬೆಂಕಿಯ ದೃಶ್ಯಗಳು ಸುದ್ದಿ ವಾಹಿನಿಗಳಲ್ಲಿ ಬಂದು ಹೋದವು. ಮೆಣಸಿನಕಾಯಿಗೆ ಕೇಂದ್ರದ ಬೆಂಬಲ ಬೆಲೆ ಇಲ್ಲವೆಂಬುದು, ಒಂದು ವರ್ಷ ದರ ಏರಿದರೆ ಮರುವರ್ಷ ಎಲ್ಲರೂ ಅದನ್ನೇ ಹಾಕುತ್ತಾರೆಂಬುದು ಆ ಸುದ್ದಿಯಲ್ಲಿ ಅಷ್ಟಾಗಿ ಬರಲಿಲ್ಲ. ನಿಮ್ಮ ಚಿತ್ರಕ್ಕೆ ಕೆಲಸವಿರುವುದು ಇಲ್ಲಿಯೇ. ನಿಮ್ಮ ಮನೆಯ ಡೈರಿಯಲ್ಲಿ ಮೂರು ನಾಲ್ಕು ವರ್ಷಗಳ ಖರ್ಚು ಮತ್ತು ಮಾರಾಟದ ಪಟ್ಟಿಗಳಿದ್ದರೆ ಅವುಗಳನ್ನು ಪರದೆಯ ತುಂಬ ತೋರಿಸಿ; ಕಡಿತವೇನಾದರೂ ಆಗಿದ್ದರೆ ಅದು ಯಾವ ಬಾಬತ್ತಿನದೆಂದು ದಲಾಲಿ ಅಂಗಡಿಯಲ್ಲೂ ಕೇಳಿ, ಅವರ ಉತ್ತರವನ್ನು ಕತ್ತರಿಸದೆ ಇಡಿ. ನೀವು ಬೆಳೆಗಾರರ ಮಗನೆಂಬುದನ್ನು ಚಿತ್ರದ ಮೊದಲ ನಿಮಿಷದಲ್ಲೇ ಹೇಳಿಬಿಟ್ಟರೆ ಯಾರೂ ಪಕ್ಷಪಾತದ ಆರೋಪ ಹೊರಿಸಲಾರರು, ಹೊರಿಸಿದರೂ ಅದು ನಿಲ್ಲದು.

ನಮ್ಮ ಹಿರಿಯರು ಹಗೇವಿನಲ್ಲಿ (ನೆಲದೊಳಗಿನ ಕಾಳಿನ ಗುಂಡಿಯಲ್ಲಿ) ಜೋಳ ಇಡುತ್ತಿದ್ದುದನ್ನು, ಹಂತಿ ಕಟ್ಟಿ (ಎತ್ತುಗಳ ಸಾಲಿನಿಂದ ತೆನೆ ತುಳಿಸಿ) ರಾಶಿ ಮಾಡುತ್ತಿದ್ದುದನ್ನು ದಾಖಲಿಸಬೇಕು. ಈಗ ಅವು ಬಳಕೆಯಲ್ಲಿಲ್ಲ. ಮತ್ತೆ ಮಾಡಿಸಿ ಚಿತ್ರೀಕರಿಸಿದರೆ ತಪ್ಪೇ? — ನವಲಗುಂದ

ತಪ್ಪಲ್ಲ, ಆದರೆ ಮಾಡಿಸಿದ್ದೆಂದು ನೋಡುಗರಿಗೆ ತಿಳಿಯಬೇಕು. ಹಿರಿಯರೊಬ್ಬರು ‘ನಿಮಗ ತೋರಸಾಕಂತ ಮಾಡಾಕತ್ತೇವಿ’ ಎಂದು ಕ್ಯಾಮೆರಾದೆದುರು ಹೇಳಿದ ಮಾತನ್ನು ಉಳಿಸಿಕೊಂಡರೆ ಸಾಕು. ಮೂಲೆಯಲ್ಲಿ ಧೂಳು ಹಿಡಿದಿದ್ದ ಬೀಸುಕಲ್ಲನ್ನು ತೊಳೆದು ನಡುಮನೆಗೆ ತಂದು, ಸೊಸೆಗೆ ಇಳಕಲ್ ಸೀರೆ ಉಡಿಸಿ, ದಿನವೂ ಹೀಗೆಯೇ ನಡೆಯುತ್ತದೆ ಎಂಬಂತೆ ತೋರಿಸುವುದು ಮಾತ್ರ ಸುಳ್ಳು. ಆ ಮನೆಯಲ್ಲಿ ಮಿಕ್ಸರ್ ಇದ್ದರೆ ಗುರೆಳ್ಳು ಚಟ್ನಿ ಮಿಕ್ಸರಿನಲ್ಲೇ ಆಗಲಿ.

ಹಗೇವಿನ ವಿಷಯದಲ್ಲಿ ಒಂದು ಎಚ್ಚರಿಕೆಯನ್ನು ಒತ್ತಿ ಹೇಳಬೇಕಾಗಿದೆ. ನೆಲದೊಳಗೆ ಮುಚ್ಚಿಟ್ಟ ಕಾಳು ಉಸಿರಾಡಿ ಅಲ್ಲಿನ ಆಮ್ಲಜನಕವನ್ನು ಮುಗಿಸುತ್ತದೆ, ಇಂಗಾಲದ ಡೈಆಕ್ಸೈಡ್ ತುಂಬಿಕೊಳ್ಳುತ್ತದೆ. ಹುಳು ಬಾಳದೆ ಕಾಳು ಉಳಿಯುವುದೂ ಇದರಿಂದಲೇ, ಒಳಗಿಳಿದ ಮನುಷ್ಯ ಸಾಯುವುದೂ ಇದರಿಂದಲೇ. ಹಿಂದಿನವರು ಬಾಯಿ ತೆರೆದು ಗಾಳಿಯಾಡಲು ಬಿಟ್ಟು, ದೀಪ ಇಳಿಬಿಟ್ಟು ಆರದಿದ್ದರಷ್ಟೇ ಇಳಿಯುತ್ತಿದ್ದರು. ದೀಪ ಉರಿಯಿತೆಂದ ಮಾತ್ರಕ್ಕೆ ಒಳಗಿನ ಗಾಳಿ ಪೂರ್ತಿ ಸುರಕ್ಷಿತವೆಂದೂ ಅಲ್ಲ. ಒಳಗಿನಿಂದ ಮೇಲೆ ನೋಡುವ ದೃಶ್ಯದ ಆಸೆಗೆ ಯಾರನ್ನೂ ಇಳಿಸಬೇಡಿ, ನೀವೂ ಇಳಿಯಬೇಡಿ. ಹಗೇವಿನ ಬಾಯಿಯ ಮೇಲೆ ಕುಳಿತ ಹಿರಿಯರು ಅದರ ಆಳವನ್ನು ಕೈಯಲ್ಲಿ ತೋರಿಸುತ್ತ, ಬರಗಾಲದಲ್ಲಿ ಅದನ್ನು ತೆಗೆದ ದಿನದ ಬಗ್ಗೆ ಮಾತಾಡಿದರೆ ಅದಕ್ಕಿಂತ ಹೆಚ್ಚಿನದೇನೂ ಬೇಕಿಲ್ಲ.

ಬಳಕೆ ತಪ್ಪಿದ್ದನ್ನು ಹುಡುಕುವ ಭರದಲ್ಲಿ ಇನ್ನೂ ಉಳಿದದ್ದನ್ನು ಬಿಡಬೇಡಿ. ಶೀಗಿ ಹುಣ್ಣಿಮೆಗೆ ಹೊಲದಲ್ಲಿ ಚರಗ (ಭೂತಾಯಿಗೆ ನೈವೇದ್ಯ) ಚೆಲ್ಲುವುದು, ಹಿಂಗಾರಿ ಜೋಳ ಹಾಲುಗಾಳಾದಾಗ ಸೀತನಿ (ಎಳೆ ತೆನೆ) ಸುಡುವುದು, ಜವೆ ಗೋಧಿಯ ಮಾದಲಿ ಎಂಬ ಸಿಹಿ, ಇವೆಲ್ಲ ಇಂದೂ ನಡೆಯುತ್ತಿವೆ. ಅಡುಗೆಮನೆಯಲ್ಲಿ ಚಿತ್ರೀಕರಿಸುವಾಗ ಬಲ್ಬಿನ ಬೆಳಕು ಮಿನುಗದಿರಲು ಸೆಕೆಂಡಿಗೆ 25 ಫ್ರೇಮ್, ಶಟರ್ 1/50 ಇಟ್ಟುಕೊಳ್ಳಿ, ಏಕೆಂದರೆ ನಮ್ಮ ವಿದ್ಯುತ್ತು 50 ಹರ್ಟ್ಜ್‌ನದು. ಫೋನಿನ ತಾನೇತಾನಾಗಿ ಬದಲಾಗುವ ವ್ಯವಸ್ಥೆಯನ್ನು ನಂಬಿದರೆ ರೊಟ್ಟಿ ಬಡಿಯುವ ದೃಶ್ಯದಲ್ಲಿ ಗೋಡೆಯ ಮೇಲೆ ಪಟ್ಟೆಗಳು ಓಡಾಡುತ್ತವೆ.

ಡ್ರೋನ್ ಇಲ್ಲದೆ ಈಗಿನ ಕಾಲದಲ್ಲಿ ಸಾಕ್ಷ್ಯಚಿತ್ರ ನಡೆಯುತ್ತದೆಯೇ? — ಹುಬ್ಬಳ್ಳಿ

ಚೆನ್ನಾಗಿಯೇ ನಡೆಯುತ್ತದೆ. ಒಡ್ಡು, ಹಳ್ಳ, ಕಾಲುವೆಗಳ ನಕ್ಷೆ ತೋರಿಸಲೇಬೇಕಾದಲ್ಲಿ ಬಳಸಿ, ಉಳಿದಂತೆ ಮೇಲಿನಿಂದ ನೋಡಿದ ಹೊಲ ಯಾರ ಹೊಲವೂ ಅಲ್ಲ. ಬಳಸುವುದಾದರೆ 2021ರ ಡ್ರೋನ್ ನಿಯಮಗಳನ್ನು ಓದಿಕೊಳ್ಳಿ. ನಿಮ್ಮ ಊರಿನಲ್ಲಿ ವಿಮಾನ ನಿಲ್ದಾಣವಿರುವುದರಿಂದ ಹಾರಿಸುವ ಮೊದಲು ಸರ್ಕಾರದ ಡಿಜಿಟಲ್ ಸ್ಕೈ ಜಾಲತಾಣದ ನಕ್ಷೆಯಲ್ಲಿ ಆ ಜಾಗ ಯಾವ ವಲಯದಲ್ಲಿದೆಯೆಂದು ನೋಡುವುದು ಕಡ್ಡಾಯ.

ಕಪ್ಪತಗುಡ್ಡದ ಅಂಚಿನ ಊರೊಂದರಲ್ಲಿ ಸಾವಯವ ಕೃಷಿ ಮಾಡುವ ಕುಟುಂಬದ ಚಿತ್ರ ಮಾಡುತ್ತಿದ್ದೇನೆ. ಗುಡ್ಡದೊಳಗೂ ಚಿತ್ರೀಕರಿಸಬೇಕು. ಗಾಳಿಯಿಂದ ಧ್ವನಿಯೆಲ್ಲ ಹಾಳಾಗುತ್ತಿದೆ. — ಗದಗ

ಸುಮಾರು 244 ಚದರ ಕಿಲೋಮೀಟರಿನ ಕಪ್ಪತಗುಡ್ಡ 2019ರಿಂದ ವನ್ಯಜೀವಿಧಾಮ. ಅದರೊಳಗೆ ಹೋಗಲು, ಚಿತ್ರೀಕರಿಸಲು 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ 28ನೇ ಸೆಕ್ಷನ್ನಿನಡಿ ಅರಣ್ಯ ಇಲಾಖೆಯ ಅನುಮತಿ ಬೇಕು. ಊರಿನವರ ಜೊತೆಗಿದ್ದೇನೆ ಎಂದರೆ ನಡೆಯದು. ಈ ಗುಡ್ಡವನ್ನು 2015ರಲ್ಲಿ ಸಂರಕ್ಷಿತ ಮೀಸಲು ಪ್ರದೇಶವೆಂದು ಘೋಷಿಸಿ ಮರುವರ್ಷ ಹಿಂತೆಗೆದುಕೊಂಡಾಗ ಗದಗಿನ ತೋಂಟದಾರ್ಯ ಮಠದ ತೋಂಟದ ಸಿದ್ಧಲಿಂಗ ಸ್ವಾಮೀಜಿಯವರೂ ಜನರೂ ಬೀದಿಗಿಳಿದು ಅದನ್ನು ಮರಳಿ ಪಡೆದ ಇತಿಹಾಸ ನಿಮ್ಮ ಕುಟುಂಬದ ಹೊಲಕ್ಕೂ ಸಂಬಂಧಿಸಿದ್ದು, ಏಕೆಂದರೆ ಗುಡ್ಡದ ಮೇಲೆ ಬಿದ್ದ ಮಳೆಯೇ ಕೆಳಗಿನ ಹಳ್ಳ, ಬಾವಿಗಳಿಗೆ ಇಳಿಯುತ್ತದೆ. ಆ ನೀರಿನ ದಾರಿಯನ್ನು ಹಿಡಿದರೆ ಗುಡ್ಡ, ಹೊಲ ಎಂಬ ಎರಡು ಬೇರೆ ಚಿತ್ರಗಳಾಗುವ ಅಪಾಯ ತಪ್ಪುತ್ತದೆ.

‘ಸಾವಯವ’ ಎಂಬುದನ್ನು ನೀವು ಹೇಳುತ್ತೀರೋ ಅವರು ಹೇಳುತ್ತಾರೋ ಎಂಬುದನ್ನು ಸ್ಪಷ್ಟ ಮಾಡಿಕೊಳ್ಳಿ. ಸಾವಯವ ದೃಢೀಕರಣಕ್ಕೆ ಎರಡು ದಾರಿಗಳಿವೆ: ಪಿಜಿಎಸ್-ಇಂಡಿಯಾ ವ್ಯವಸ್ಥೆಯಲ್ಲಿ ರೈತರ ಗುಂಪೇ ಪರಸ್ಪರ ಹೊಲ ನೋಡಿ ದೃಢೀಕರಿಸುತ್ತದೆ; ಎನ್‌ಪಿಒಪಿ ವ್ಯವಸ್ಥೆಯಲ್ಲಿ ಹೊರಗಿನ ಸಂಸ್ಥೆ ತಪಾಸಣೆ ಮಾಡುತ್ತದೆ. ಎರಡೂ ಇಲ್ಲದೆ ಗೊಬ್ಬರ ಕೊಳ್ಳಲು ಹಣವಿಲ್ಲದ್ದರಿಂದ ರಾಸಾಯನಿಕ ಬಿಟ್ಟವರೂ ಇದ್ದಾರೆ. ಈ ಮೂವರನ್ನೂ ಒಂದೇ ಹೆಸರಿನಿಂದ ಕರೆದರೆ ಮೂವರಿಗೂ ಅನ್ಯಾಯ.

ಗಾಳಿಗೆ ಉಪಾಯ ಸರಳ: ಕಾಲರ್ ಮೈಕಿಗೆ ತುಪ್ಪಳದ ಮುಸುಕು ಹಾಕಿ, ಅದನ್ನು ಅಂಗಿಯೊಳಗೆ ಎದೆಯ ಮೇಲೆ ಇಡಿ, ಮಾತಾಡುವವರ ಬೆನ್ನು ಗಾಳಿಗಿರಲಿ. ಗುಡ್ಡದ ಮೇಲೆ ಗಾಳಿಯಂತ್ರಗಳನ್ನು ನಿಲ್ಲಿಸಿರುವುದೇ ಅಲ್ಲಿ ಗಾಳಿ ಜೋರೆಂಬ ಕಾರಣಕ್ಕೆ, ಆದ್ದರಿಂದ ದೀರ್ಘ ಸಂದರ್ಶನಗಳನ್ನು ಮನೆಯ ಪಡಸಾಲೆಯಲ್ಲಿ ಮಾಡಿ. ಸೆಕೆಂಡಿಗೆ 100 ಮೆಗಾಬಿಟ್‌ನಲ್ಲಿ ಚಿತ್ರೀಕರಿಸಿದರೆ ಗಂಟೆಗೆ 45 ಜಿಬಿ ತುಂಬುತ್ತದೆ ಎಂಬುದನ್ನೂ ನೆನಪಿಡಿ, ಪ್ರತಿ ರಾತ್ರಿ ಎರಡು ಬೇರೆ ಡಿಸ್ಕ್‌ಗಳಿಗೆ ನಕಲು ಮಾಡದೆ ಮಲಗಬೇಡಿ.

ಆತ್ಮಹತ್ಯೆ ಮಾಡಿಕೊಂಡ ರೈತರ ಮನೆಗೆ ಹೋಗಿ ಚಿತ್ರೀಕರಿಸುವುದು ಸರಿಯೇ? — ಶಿರಹಟ್ಟಿ

ಅವರು ಕರೆದರೆ ಹೋಗಿ, ಮೊದಲ ಸಲ ಬರಿಗೈಯಲ್ಲಿ ಹೋಗಿ. ಭಾರತೀಯ ಪತ್ರಿಕಾ ಮಂಡಳಿ 2019ರಲ್ಲಿ ಒಪ್ಪಿಕೊಂಡ ಮಾರ್ಗಸೂಚಿಯಂತೆ ಸತ್ತ ವಿಧಾನ, ಸ್ಥಳದ ವಿವರಗಳನ್ನು ಬಿಡಬೇಕು, ಮಕ್ಕಳ ಮುಖವನ್ನಂತೂ ತೋರಿಸಲೇಬಾರದು. ಚಿತ್ರದ ಕೊನೆಗೆ ಟೆಲಿ-ಮಾನಸ್ ಸಹಾಯವಾಣಿ 14416 ಇರಲಿ. ಸಾಲ, ಬೆಳೆವಿಮೆ, ಪರಿಹಾರದ ಕಡತ ಎಲ್ಲಿ ನಿಂತಿದೆ ಎಂಬುದನ್ನು ಕಚೇರಿಗಳಲ್ಲಿ ಕೇಳಿ ತೋರಿಸುವುದು ಆ ಮನೆಯ ಅಳುವನ್ನು ತೋರಿಸುವುದಕ್ಕಿಂತ ಕಷ್ಟ, ಬಹುಶಃ ಅದಕ್ಕೇ ಯಾರೂ ಮಾಡುವುದಿಲ್ಲ.

ಕ್ಯಾಮೆರಾ ಹಿಡಿದು ಹೋದರೆ ‘ನಮಗೇನ ಬಂತ್ರೀ ಇದರಿಂದ?’ ಎಂದು ರೈತರು ಕೇಳುತ್ತಾರೆ. ಹಣ ಕೊಡಬೇಕೇ? — ಹಾನಗಲ್ಲ

ಪ್ರಶ್ನೆ ನ್ಯಾಯವಾದದ್ದೇ. ಹೇಳಿಕೆಗೆ ಹಣ ಕೊಟ್ಟರೆ ಹೇಳಿಕೆ ಬದಲಾಗುತ್ತದೆ, ಆದರೆ ನಿಮ್ಮಿಂದಾಗಿ ಕೆಲಸ ತಪ್ಪಿದ ದಿನದ ಕೂಲಿಯನ್ನು ಕೊಡುವುದು ಬೇರೆ ಮಾತು, ಅದನ್ನು ಕೊಡಲೇಬೇಕು. ಕೂರಿಗೆ ಭತ್ತದ ಬಿತ್ತನೆಯ ಹೊತ್ತಿನಲ್ಲಿ ಒಂದು ಗಂಟೆ ಎತ್ತು ನಿಲ್ಲಿಸಿದರೆ ಅದಕ್ಕೂ ಬೆಲೆಯಿದೆ. ಹಂತಿ ಪದ ಹಾಡಿದವರಿಗೆ ಸಂಭಾವನೆ ಪ್ರತ್ಯೇಕ. ಪದ ಎಲ್ಲರದಾದರೂ 1957ರ ಕೃತಿಸ್ವಾಮ್ಯ ಕಾಯ್ದೆಯಲ್ಲಿ ಹಾಡಿದವರಿಗೆ ತಮ್ಮ ಪ್ರದರ್ಶನದ ಮೇಲೆ ಹಕ್ಕಿದೆ. ಒಪ್ಪಿಗೆ ಪತ್ರ ಕನ್ನಡದಲ್ಲಿರಲಿ, ಓದಲು ಬಾರದವರಿಗೆ ಓದಿ ಹೇಳಿದ್ದನ್ನು ಧ್ವನಿಮುದ್ರಿಸಿಕೊಳ್ಳಿ.

ಇದಕ್ಕೂ ಮುಂದಿನ ಹೆಜ್ಜೆಯೊಂದಿದೆ. ತೆಲಂಗಾಣದ ಜಹೀರಾಬಾದ್ ಬಳಿಯ ಪಸ್ತಾಪುರದಲ್ಲಿ ಡೆಕ್ಕನ್ ಡೆವಲಪ್‌ಮೆಂಟ್ ಸೊಸೈಟಿ ಎಂಬ ಸ್ವಯಂಸೇವಾ ಸಂಸ್ಥೆಯ ದಲಿತ ರೈತ ಮಹಿಳೆಯರು ತಾವೇ ಕ್ಯಾಮೆರಾ ಕಲಿತು ತಮ್ಮ ಬೀಜ, ತಮ್ಮ ಸಿರಿಧಾನ್ಯ, ವಾರಂಗಲ್ಲಿನ ಬಿಟಿ ಹತ್ತಿ ಬೆಳೆಗಾರರ ನಷ್ಟದ ಬಗ್ಗೆ ಚಿತ್ರಗಳನ್ನು ಮಾಡಿದ್ದಾರೆ. ನಮ್ಮ ಕಡೆಯ ಸ್ತ್ರೀಶಕ್ತಿ ಸಂಘಗಳಲ್ಲಿ ಫೋನ್ ಇಲ್ಲದವರು ಈಗ ಕಡಿಮೆ. ನೀವು ಊರಿನಲ್ಲಿಲ್ಲದ ದಿನಗಳಲ್ಲಿ ಎಡೆ ಹೊಡೆಯುವುದನ್ನು (ಸಾಲುಗಳ ನಡುವಿನ ಕಳೆ ತೆಗೆಯುವುದನ್ನು), ಮಳೆ ಬಿದ್ದ ರಾತ್ರಿಯನ್ನು ಅವರೇ ಚಿತ್ರೀಕರಿಸಲಿ, ಹೆಸರನ್ನೂ ಹಾಕಿ.

ಸಂಕಲನದ ಕರಡನ್ನು ಮೊದಲು ಆ ಊರಿನಲ್ಲೇ ತೋರಿಸಿ, ಆಮೇಲೆ ಧಾರವಾಡಕ್ಕೋ ಬೆಂಗಳೂರಿಗೋ ಒಯ್ಯಿರಿ. ಸಾಲದ ಮೊತ್ತವನ್ನೋ ಅಣ್ಣತಮ್ಮಂದಿರ ಹೊಲದ ತಗಾದೆಯನ್ನೋ ತೆಗೆಯಿರಿ ಎಂದು ಆ ಮನೆಯವರು ಕೇಳಿದರೆ ತೆಗೆಯಿರಿ. ಗೊಬ್ಬರದ ಅಂಗಡಿಯವರೋ ಊರ ಮುಖಂಡರೋ ಕೇಳಿದರೆ ಕಾರಣ ಕೇಳಿ, ಬರೆದುಕೊಳ್ಳಿ, ನಿರ್ಧಾರ ನಿಮ್ಮದಿರಲಿ. ಮುಂದೆ ಟಿಕೆಟ್ ಇಟ್ಟು ಸಾರ್ವಜನಿಕ ಪ್ರದರ್ಶನ ಮಾಡುವ ಯೋಚನೆಯಿದ್ದರೆ 1952ರ ಸಿನಿಮಾಟೋಗ್ರಾಫ್ ಕಾಯ್ದೆಯ ಪ್ರಮಾಣಪತ್ರ ಬೇಕಾಗುತ್ತದೆ, ಅದನ್ನು ಕೊಡುವ ಸೆನ್ಸಾರ್ ಮಂಡಳಿಯ ಪ್ರಾದೇಶಿಕ ಕಚೇರಿ ಬೆಂಗಳೂರಿನಲ್ಲಿದೆ. ಅರ್ಜಿ ಹಾಕುವ ಮೊದಲು ಊರಿನವರು ಹೇಳಿದ ತಿದ್ದುಪಡಿಗಳನ್ನು ಮುಗಿಸಿಕೊಳ್ಳಿ, ಪ್ರಮಾಣಪತ್ರ ಸಿಕ್ಕ ಮೇಲೆ ಚಿತ್ರದಲ್ಲಿ ಬದಲಾವಣೆ ಮಾಡಿದರೆ ಮತ್ತೆ ಅದೇ ಕಚೇರಿಗೆ ಹೋಗಬೇಕಾಗುತ್ತದೆ.